ಪದ ಪರಿಚಯ: ಕಾಂಟ್ರಾಸ್ಟ್ ನೆಫ್ರೋಪತಿ, ಅಥವಾ ಒಂದು 'ಇಂದ' ಪ್ರತ್ಯಯದ ಕಿತಾಪತಿ

ಈ ವಾರದಲ್ಲಿ ಇದು ಮೂರನೇ ಸಲ. ನಮ್ ಫ್ಯಾಮಿಲಿ ಗ್ರೂಪಲ್ಲೇ ಒಬ್ರು "ಸ್ಕ್ಯಾನಿಗೆ ಡೈ ಹಾಕಿದ್ರಂತೆ, ಡೈಯಿಂದ ಕಿಡ್ನಿ ಹೋಯ್ತಂತೆ" ಅಂತ ಹಾಕಿದ್ರು, ಕೆಳಗೆ ಇನ್ನೊಬ್ರು ಡಾಕ್ಟ್ರ ಥರ "ಕಾಂಟ್ರಾಸ್ಟ್ ಇಂಡ್ಯೂಸ್ಡ್ ನೆಫ್ರೋಪತಿ" ಅಂತ ಷರಾ ಬರೆದ್ರು (ಕಾಂಟ್ರಾಸ್ಟ್ ಅಂದ್ರೆ ಅದೇ ಡೈ, ನೆಫ್ರೋಪತಿ ಅಂದ್ರೆ ಕಿಡ್ನಿ ತೊಂದರೆ, ಇಂಡ್ಯೂಸ್ಡ್ ಅಂದ್ರೆ 'ಅದರಿಂದಾದ'), ಅಲ್ಲಿಗೆ ತೀರ್ಪು ಆಗೋಯ್ತು.

ಡೈ ಅನ್ನೋದೇ ತಪ್ಪು ಹೆಸರು, ಅದರಲ್ಲಿ ಬಣ್ಣನೇ ಇಲ್ಲ. ನೀರಿನ ಹಾಗೆ ತಿಳಿಯಾಗಿರೋ ಅಯೋಡಿನ್ ದ್ರಾವಣ, ಎಕ್ಸ್‌ರೇನ ತಡೆದು ರಕ್ತನಾಳ ಬೆಳ್ಳಗೆ ಎದ್ದು ಕಾಣೋ ಹಾಗೆ ಮಾಡುತ್ತೆ ಅಷ್ಟೆ. ಎಮ್ಮಾರೈಗೆ ಹಾಕೋ ಗ್ಯಾಡೋಲಿನಿಯಂ ಬೇರೆ ಜಾತಿ, ಅದರ ತಕರಾರೂ ಬೇರೆ. ಮೈ ತುರಿಕೆ, ದದ್ದು ಬರೋ ಅಲರ್ಜಿಗೂ ಕಿಡ್ನಿಗೂ ಸಂಬಂಧ ಇಲ್ಲ. ಇದನ್ನೆಲ್ಲ ಒಂದೇ ಪಾತ್ರೇಲಿ ಕಲಸ್ತಾರೆ, ಇರ್ಲಿ.

ನನ್ ಜಗಳ ಆ 'ಇಂದ' ಜೊತೆ. "ಮಳೆಯಿಂದ ಗೋಡೆ ಬಿತ್ತು" ಅನ್ನೋದು ಬೇರೆ, "ಮಳೆ ಬಂದ್ಮೇಲೆ ಗೋಡೆ ಬಿತ್ತು" ಅನ್ನೋದು ಬೇರೆ. ಮೊದಲನೇದು ಆರೋಪ, ಎರಡನೇದು ಬರೀ ವರದಿ. ಗೋಡೆ ಮೊದ್ಲೇ ಬಿರುಕು ಬಿಟ್ಟಿತ್ತಾ, ಪಕ್ಕದಲ್ಲಿ ಜೆಸಿಬಿ ಅಗೀತಿತ್ತಾ, ಎರಡನೇ ವಾಕ್ಯದಲ್ಲಿ ಅದನ್ನೆಲ್ಲ ಕೇಳೋಕೆ ಜಾಗ ಇದೆ. ಕಾಗೆ ಕೂರೋದಕ್ಕೂ ಟೊಂಗೆ ಮುರಿಯೋದಕ್ಕೂ ಸರಿಹೋಯ್ತು ಅಂತೀವಲ್ಲ, ಕಾಕತಾಳೀಯ ಅನ್ನೋ ಪದದಲ್ಲೂ ಅದೇ ಕಾಗೆ, ಮರ ಮಾತ್ರ ತಾಳೆ.

ತಮಾಷೆ ಅಂದ್ರೆ ವೈದ್ಯಲೋಕವೂ ಐವತ್ತು ವರ್ಷ ಈ ಕಾಗೆನೇ ಹಿಡ್ಕೊಂಡು ಕೂತಿತ್ತು. 1954ರಲ್ಲಿ ಮೈಲೋಮಾ ಅನ್ನೋ ರಕ್ತದ ಕ್ಯಾನ್ಸರ್ ಇದ್ದ ರೋಗಿಗೆ ಡೈ ಹಾಕಿ ಕಿಡ್ನಿ ಎಕ್ಸ್‌ರೇ ತೆಗೆದ ಮೇಲೆ ಮೂತ್ರ ನಿಂತುಹೋಗಿದ್ದು ವರದಿಯಾಯ್ತು, ಆಮೇಲೆ ಡೈ ಕೊಟ್ಟು ಎರಡು ಮೂರು ದಿನದಲ್ಲಿ ಕ್ರಿಯಾಟಿನಿನ್ (ಕಿಡ್ನಿ ಸೋಸಿ ಹೊರಹಾಕಬೇಕಾದ ರಕ್ತದಲ್ಲಿನ ಕಸ) ಶೇ. 25 ಏರಿದ್ರೆ ಡೈಯಿಂದ್ಲೇ ಅಂತ ಲೆಕ್ಕ ಹಾಕೋದು ರೂಢಿಯಾಯ್ತು. ಡೈ ಕೊಡದೇ ಇರೋರಲ್ಲಿ ಎಷ್ಟು ಏರುತ್ತೆ ಅಂತ ಕೇಳ್ದೋರು ಕಮ್ಮಿ. 2008ರಲ್ಲಿ ಅಮೆರಿಕದಲ್ಲಿ ಡೈ ಮುಟ್ಟದ 32 ಸಾವಿರಕ್ಕೂ ಹೆಚ್ಚು ರೋಗಿಗಳ ರಿಪೋರ್ಟ್ ತೆಗೆದು ನೋಡಿದ್ರೆ ಅರ್ಧಕ್ಕಿಂತ ಜಾಸ್ತಿ ಜನರಲ್ಲಿ ಕ್ರಿಯಾಟಿನಿನ್ ಅಷ್ಟೇ ಏರುಪೇರು! ಕೊನೆಗೆ 2020ರಲ್ಲಿ ಅಲ್ಲಿನ ರೇಡಿಯಾಲಜಿ ಕಾಲೇಜು (ಸ್ಕ್ಯಾನ್ ವೈದ್ಯರ ಸಂಘ) ಮತ್ತು ಕಿಡ್ನಿ ಫೌಂಡೇಶನ್ ಕೂತು ಎರಡು ಪದ ಬೇರೆ ಮಾಡಿದ್ರು: 'ಅಸೋಸಿಯೇಟೆಡ್' ಅಂದ್ರೆ ಡೈ ಆದ್ಮೇಲೆ 48 ಗಂಟೆಯೊಳಗೆ ಕಿಡ್ನಿ ಏಟು ತಿಂದಿದೆ, ಕಾರಣ ಯಾವ್ದಾದ್ರೂ ಆಗ್ಲಿ, 'ಇಂಡ್ಯೂಸ್ಡ್' ಅಂದ್ರೆ ಡೈಯಿಂದ್ಲೇ. ನಮ್ಮ 'ಮೇಲೆ' ಮತ್ತು 'ಇಂದ' ತಾನೇ. ಕೆಲವರು ಕಾಂಟ್ರಾಸ್ಟ್ ಇಂಡ್ಯೂಸ್ಡ್ ಅನ್ನೋದನ್ನ 'ಕಾಂಟ್ರಾಸ್ಟ್ ಪ್ರೇರಿತ' ಅಂತ ಬರೀತಾರೆ, ಯಾರೋ ಭಾಷಣ ಮಾಡಿ ಕಿಡ್ನಿಗೆ ಪ್ರೇರಣೆ ಕೊಟ್ಟ ಹಾಗೆ.

ಗ್ರೂಪಿನ ಕೇಸೇ ತಗೊಳ್ಳಿ. ಆತ ಆಸ್ಪತ್ರೆಗೆ ಹೋಗಿದ್ದೇ ಮೈಯೆಲ್ಲಾ ಸೋಂಕು ಹರಡಿ ಬಿಪಿ ಬಿದ್ದು, ಅದಕ್ಕೂ ಮುಂಚೆ ವಾರಗಟ್ಟಲೆ ಮಂಡಿನೋವಿಗೆ ಮಾತ್ರೆ ನುಂಗಿದ್ರು. ಕಿಡ್ನಿ ಕೆಡೋಕೆ ಇವೆರಡೇ ಸಾಕು, ಆದ್ರೆ ನೆನಪಲ್ಲಿ ಉಳಿದಿದ್ದು ಸ್ಕ್ಯಾನ್ ರೂಮಿನ ಸೂಜಿ. ಆಂಜಿಯೋಗ್ರಾಮಲ್ಲಿ ಇನ್ನೂ ಗೊಂದಲ, ರಕ್ತನಾಳದೊಳಗೆ ತೂರಿಸೋ ಸಣ್ಣ ಕೊಳವೆ, ಕ್ಯಾತಿಟರ್, ತಾಗಿ ಮಹಾಧಮನಿಯ ಕೊಬ್ಬಿನ ಚೂರು ಕಿತ್ತುಬಂದು ಕಿಡ್ನಿಗೆ ಸಿಕ್ಕಿಹಾಕ್ಕೊಂಡ್ರೂ ಬೈಗುಳ ಡೈಗೇ.

ಹಾಗಂತ ಡೈ ಸಂತ ಅಲ್ಲ. ಕಿಡ್ನಿಯ ಒಳಭಾಗ ಮೊದ್ಲೇ ಕಮ್ಮಿ ಆಮ್ಲಜನಕದಲ್ಲಿ ದಿನ ದೂಡೋ ಜಾಗ, ಡೈ ಅಲ್ಲಿನ ರಕ್ತನಾಳ ಇನ್ನಷ್ಟು ಬಿಗಿ ಮಾಡುತ್ತೆ, ಮೂತ್ರ ಹರಿಯೋ ಸಣ್ಣ ನಳಿಗೆಗಳ ಜೀವಕೋಶಕ್ಕೆ ನೇರವಾಗಿಯೂ ವಿಷ. ಇಜಿಎಫ್‌ಆರ್ (ಕಿಡ್ನಿ ಎಷ್ಟು ಸೋಸುತ್ತೆ ಅನ್ನೋ ಅಳತೆ) 30ಕ್ಕಿಂತ ಕೆಳಗಿದ್ರೆ, ಅಥವಾ ಕಿಡ್ನಿ ಈಗಷ್ಟೇ ಏಟು ತಿಂದಿದ್ರೆ ನಿಜವಾಗ್ಲೂ ಹುಷಾರಾಗಿರ್ಬೇಕು: ಮುಂಚೆ ಮತ್ತು ಆಮೇಲೆ ಡ್ರಿಪ್ಪಲ್ಲಿ ಸಲೈನ್, ಸಾಧ್ಯವಾದಷ್ಟು ಕಮ್ಮಿ ಡೈ, ನೋವಿನ ಮಾತ್ರೆ ಬಂದ್. ಕಿಡ್ನಿ ಕಾಯೋಕೆ ಅಂತ ಅಸಿಟೈಲ್‌ಸಿಸ್ಟೀನ್ ಅನ್ನೋ ಮಾತ್ರೆ ವರ್ಷಾನುಗಟ್ಟಲೆ ಬರೆದ್ರು, ಸುಮಾರು 5 ಸಾವಿರ ಜನರ ಮೇಲೆ ನಡೆದ ಪ್ರಿಸರ್ವ್ ಅನ್ನೋ ಟ್ರಯಲ್ಲಲ್ಲಿ ಅದ್ರಿಂದ ಉಪಯೋಗ ಇಲ್ಲ ಅಂತ ಗೊತ್ತಾಯ್ತು, ಸೋಡಾ ಬೈಕಾರ್ಬ್ ಡ್ರಿಪ್ಪೂ ಸಾದಾ ಸಲೈನಿಗಿಂತ ಮೇಲೇನಲ್ಲ. ಇನ್ನು "ಡೈ ತೊಳ್ದೋಗ್ಲಿ" ಅಂತ ಎಳನೀರು ಕುಡಿಸೋರಿದ್ದಾರೆ, ದಯವಿಟ್ಟು ಕೈಮುಗೀತೀನಿ, ಕಿಡ್ನಿ ಸೋತಿರೋರಿಗೆ ಅದರ ಪೊಟ್ಯಾಸಿಯಮ್ಮೇ ಡೈಗಿಂತ ದೊಡ್ಡ ಅಪಾಯ.

ಶುಗರ್ ಮಾತ್ರೆ ಮೆಟ್‌ಫಾರ್ಮಿನ್ ವಿಷಯದಲ್ಲೂ 'ಇಂದ' ತಲೆಕೆಳಗು. ಡೈ ಜೊತೆ ಸೇರಿ ಅದು ಕಿಡ್ನಿ ತಿನ್ನುತ್ತೆ ಅಂತ ನಿಲ್ಲಿಸೋದಲ್ಲ ಸ್ವಾಮಿ, ಸೋತ ಕಿಡ್ನಿ ಪೂರ್ತಿ ಕೈಕೊಟ್ರೆ ಆ ಮಾತ್ರೆ ಹೊರಗೆ ಹೋಗದೆ ಮೈಯಲ್ಲಿ ಉಳಿದು ರಕ್ತದಲ್ಲಿ ಲ್ಯಾಕ್ಟಿಕ್ ಆಸಿಡ್ ಏರೀತು ಅಂತ. ಅದಕ್ಕೇ ಅಂಥವರಿಗೆ 48 ಗಂಟೆ ನಿಲ್ಲಿಸಿ, ಕ್ರಿಯಾಟಿನಿನ್ ನೋಡ್ಕೊಂಡು ಮತ್ತೆ ಶುರು ಮಾಡ್ತಾರೆ. ಕಿಡ್ನಿ ಚೆನ್ನಾಗಿದ್ರೆ ನಿಲ್ಲಿಸೋದೇ ಬೇಡ.