ಹೆಸರಿನ ಅರ್ಥಕ್ಕೆ ಸಾಕ್ಷಿ ಎಲ್ಲಿದೆ?

ಆರಿದ್ರಾ ನಕ್ಷತ್ರದ ಮಗುವಿಗೆ ಪಂಚಾಂಗ ಕೊಡುವ ಅಕ್ಷರಗಳು ಕೂ, ಘ, ಙ, ಛ. ಹಸ್ತಾ ನಕ್ಷತ್ರಕ್ಕೆ ಪೂ, ಷ, ಣ, ಠ. ಙ ಅಥವಾ ಣ ಅಕ್ಷರದಿಂದ ಶುರುವಾಗುವ ಒಂದಾದರೂ ಹೆಸರು ನೆನಪಿಗೆ ಬರುತ್ತಾ? ಹಾಗಾಗಿ ನಾಮಕರಣ ಹತ್ತಿರ ಬಂತೆಂದರೆ ಸಾಗರದಲ್ಲೋ ತೀರ್ಥಹಳ್ಳಿಯಲ್ಲೋ ಮನೆಮಂದಿಯೆಲ್ಲ ಫೋನ್ ಹಿಡಿದು ಕೂರುತ್ತಾರೆ. ಕೇಳಿದ ಅಕ್ಷರಕ್ಕೆ ಹೆಸರು ಸಿಗುತ್ತದೆ. ಪಕ್ಕದಲ್ಲೇ ಚಂದದ ಅರ್ಥವೂ ಇರುತ್ತದೆ. ಅದು ನಿಜವಾ ಅಂತ ನೋಡುವ ವ್ಯವಧಾನ ಮಾತ್ರ ಯಾರಿಗೂ ಇಲ್ಲ.

‘ಆರವ್’ ಹೆಸರನ್ನೇ ತೆಗೆದುಕೊಳ್ಳಿ. ಶಾಂತ ಸ್ವಭಾವದವನು ಎಂದು ಎಷ್ಟೋ ಪಟ್ಟಿಗಳು ಹೇಳುತ್ತವೆ. ಮೋನಿಯರ್ ವಿಲಿಯಮ್ಸ್ ಅವರ 1899ರ ಸಂಸ್ಕೃತ ನಿಘಂಟು ತೆರೆದರೆ ‘ಆರವ’ ಎಂದರೆ ಕೂಗು, ಅರಚಾಟ, ಸದ್ದು. ಹಕ್ಕಿಗಳ ಕಲರವ ಕೇಳಿದವರಿಗೆ ನಿಘಂಟೂ ಬೇಕಿಲ್ಲ, ರವ ಅಂದರೇ ಸದ್ದು ತಾನೆ. ಹಾಗಾದರೆ ಶಾಂತಿ ಎಲ್ಲಿಂದ ಬಂತು? ನನ್ನ ಗುಮಾನಿ ಇಂಗ್ಲಿಷ್ ಅಕ್ಷರಗಳ ಮೇಲೆ. ಅಲ್ಲಿ ಅ, ಆ ಎರಡನ್ನೂ ಒಂದೇ ಅಕ್ಷರದಲ್ಲಿ ಬರೆದು ಮುಗಿಸುತ್ತಾರೆ. ‘ಅರವ’ ಎಂದು ಹ್ರಸ್ವವಾಗಿ ಓದಿದರೆ ಸದ್ದಿಲ್ಲದ್ದು ಎಂದಾಗುತ್ತದೆ. ಅನ್ಯಾಯ, ಅಜ್ಞಾನಗಳಲ್ಲಿ ‘ಇಲ್ಲ’ ಎನ್ನುವ ಅದೇ ‘ಅ’ ಇದು. ದೀರ್ಘ ಎಳೆದರೆ ಗಲಾಟೆ. (ರಾತ್ರಿಯಿಡೀ ಅಳುವ ಕೂಸಿಗೆ ಎರಡನೆಯದೇ ಜಾಸ್ತಿ ಹೊಂದುತ್ತದೆ ಬಿಡಿ.) ಅನುಮಾನ ಬಂದ ಹೆಸರನ್ನು ಮೊದಲು ಕನ್ನಡದಲ್ಲಿ ಬರೆದುಕೊಳ್ಳಿ, ಅರ್ಧ ಗೊಂದಲ ಅಲ್ಲೇ ತೀರುತ್ತದೆ. ಇಂಗ್ಲಿಷಿನಲ್ಲಿ ಕಲಾ, ಕಾಲ, ಕಾಳ ಮೂರೂ ಒಂದೇ ವೇಷದಲ್ಲಿ ಬರುತ್ತವೆ.

‘ಎಲ್ಲಾ ಕಡೆ ಹಾಗೇ ಹಾಕಿದ್ದಾರಲ್ಲ’ ಎಂದು ಕೇಳುವವರಿದ್ದಾರೆ. ತಾಳೆಗರಿ ಓದುವವರಿಗೆ ಈ ಪಾಡು ಹೊಸದಲ್ಲ. ಸಾಗರದ ಹತ್ತಿರ ಕೆಳದಿಯ ವಸ್ತುಸಂಗ್ರಹಾಲಯದಲ್ಲಿ ಅಂಥ ಗರಿಗಳ ಕಟ್ಟುಗಳನ್ನು ನೋಡಬಹುದು. ಹಳೆಯ ಕಾವ್ಯವೊಂದರ ಹಲವು ಪ್ರತಿ ಸಿಕ್ಕಾಗ ಸಂಪಾದಕರು ಸುಮ್ನೆ ವೋಟು ಎಣಿಸಿದ ಹಾಗೆ ಎಣಿಸುವುದಿಲ್ಲ. ಅವರ ಕಣ್ಣು ತಪ್ಪುಗಳ ಮೇಲಿರುತ್ತದೆ. ಸರಿಯಾದ ಪದವನ್ನು ಇಬ್ಬರು ಬೇರೆ ಬೇರೆಯಾಗಿ ಉಳಿಸಿಕೊಂಡಿರಬಹುದು. ಆದರೆ ಒಂದೇ ವಿಚಿತ್ರ ತಪ್ಪು ಆರು ಪ್ರತಿಗಳಲ್ಲಿ ಇದ್ದರೆ, ಆ ಆರೂ ಒಂದೇ ಮೂಲದ ನಕಲು ಎಂದು ಲೆಕ್ಕ. ಪ್ರತಿ ಆರು, ಸಾಕ್ಷಿ ಒಂದು. ಹೆಸರಿನ ಪಟ್ಟಿಗಳಲ್ಲೂ ಅದೇ ಕಾಗುಣಿತದ ತಪ್ಪು, ಅವೇ ಮಾತುಗಳು ಸಾಲಾಗಿ ಕಂಡರೆ ಇದೇ ಲೆಕ್ಕ ಹಾಕಬೇಕು.

ಹಾಗಂತ ನಿಘಂಟನ್ನೂ ಕಣ್ಣುಮುಚ್ಚಿ ನಂಬುವ ಹಾಗಿಲ್ಲ. ಮೋನಿಯರ್ ವಿಲಿಯಮ್ಸ್ ಕೆಲವು ಅರ್ಥಗಳ ಮುಂದೆ ‘ಎಲ್’ ಎಂಬ ಪುಟ್ಟ ಗುರುತು ಹಾಕಿದ್ದಾರೆ. ಅದು ಹಳೆಯ ಕೋಶಕಾರರು ಹೇಳಿದ ಅರ್ಥ, ಗ್ರಂಥಗಳಲ್ಲಿ ಬಳಕೆ ಸಿಕ್ಕಿಲ್ಲ ಎಂಬುದರ ಸೂಚನೆ. ಏಕಾಕ್ಷರ ಕೋಶಗಳಂತೂ ಬೇರೆಯೇ ಮಜಾ. ಅಲ್ಲಿ ಒಂದೊಂದು ಅಕ್ಷರಕ್ಕೂ ಅರ್ಥ ಇರುತ್ತದೆ. ‘ಅ’ ಎಂದರೆ ವಿಷ್ಣು, ‘ಕ’ ಎಂದರೆ ಬ್ರಹ್ಮ, ನೀರು, ತಲೆ, ಸುಖ. ಇಷ್ಟು ಸಾಮಾನು ಇದ್ದರೆ ಬಾಯಿಗೆ ಬಂದ ಎರಡು ಅಕ್ಷರ ಜೋಡಿಸಿದರೂ ಒಂದು ದೇವರು ಹುಟ್ಟುತ್ತಾನೆ!

ಅಚ್ಚಗನ್ನಡದ ಹೆಸರುಗಳಿಗೆ ಇನ್ನೊಂದು ಗಟ್ಟಿ ಪರೀಕ್ಷೆ ಇದೆ. ಹೊಸನಗರ ತಾಲ್ಲೂಕಿನ ಹುಂಚವನ್ನು ಹೊಂಬುಜ ಎಂದೂ ಕರೆಯುತ್ತಾರೆ. ಅಲ್ಲಿಂದ ಆಳಿದ ಸಾಂತರ ಅರಸರ ಕಾಲದ ಶಾಸನಗಳಲ್ಲಿ ಅದು ಪೊಂಬುರ್ಚ. ಸುಮಾರು 10ನೇ ಶತಮಾನದಿಂದ ಈಚೆಗೆ ಕನ್ನಡದ ಪದಗಳ ಮೊದಲ ‘ಪ’ ಮೆಲ್ಲಗೆ ‘ಹ’ ಆಯಿತು. ಪಾಲು ಹಾಲಾಯಿತು, ಪುಲಿ ಹುಲಿಯಾಯಿತು, ಪೊನ್ ಹೊನ್ನಾಯಿತು. ತಮಿಳಿನಲ್ಲಿ, ಕೊಡವ ಭಾಷೆಯಲ್ಲಿ ‘ಪ’ ಹಾಗೇ ಉಳಿಯಿತು. ಅದಕ್ಕೇ ನಮ್ಮ ಹೊನ್ನಪ್ಪ ಕೊಡಗಿನಲ್ಲಿ ಪೊನ್ನಪ್ಪ. ಈಗ ಯಾರಾದರೂ ಹೊನ್ನಮ್ಮ ಎಂಬ ಹೆಸರು ಸಂಸ್ಕೃತದ ‘ಹಿರಣ್ಯ’ದಿಂದ ಬಂತು ಎಂದರೆ ಉತ್ತರ ಸುಲಭ. ಎರಡಕ್ಕೂ ಚಿನ್ನ ಎಂದೇ ಅರ್ಥ, ಎರಡೂ ‘ಹ’ದಿಂದಲೇ ಶುರು. ಆದರೆ ಹೊನ್ನಿನ ‘ಹ’ ಮೊದಲು ‘ಪ’ ಆಗಿತ್ತಲ್ಲ, ಹಿರಣ್ಯದಲ್ಲಿ ಆ ‘ಪ’ ಎಲ್ಲಿದೆ? ಬರೋ ಮತ್ತು ಎಮೆನೋ 1961ರಲ್ಲಿ ತಂದ ದ್ರಾವಿಡ ಪದಮೂಲ ನಿಘಂಟು ಇಂಥ ಸೋದರ ಪದಗಳನ್ನೇ ಒಂದೆಡೆ ಗುಂಪು ಮಾಡಿ ಕೊಡುತ್ತದೆ.

ಪದದ ಅರ್ಥ ಸಿಕ್ಕ ಮಾತ್ರಕ್ಕೆ ಆ ಹೆಸರು ಯಾಕೆ ಇಟ್ಟರು ಎಂಬುದು ಗೊತ್ತಾಗುವುದಿಲ್ಲ. ಹುಚ್ಚಪ್ಪ, ಹುಚ್ಚಮ್ಮ ಹೆಸರು ಕೇಳಿ ಈಗಿನ ಮಕ್ಕಳು ನಗುತ್ತಾರೆ. ಹುಟ್ಟಿದ ಮಕ್ಕಳು ಉಳಿಯದ ಮನೆಗಳಲ್ಲಿ ದೃಷ್ಟಿ ತಾಗದಿರಲಿ ಎಂದು ಕೀಳು ಹೆಸರು ಇಡುವ ರೂಢಿ ಇತ್ತು. ಆದರೆ ಶಿಕಾರಿಪುರದಲ್ಲಿ ಹುಚ್ಚರಾಯಸ್ವಾಮಿ ಎಂದರೆ ಸಾಕ್ಷಾತ್ ಆಂಜನೇಯ. ಆ ಕಡೆಯ ಹುಚ್ಚಪ್ಪನಿಗೆ ದೇವರ ಹೆಸರೇ ಬಂದಿರಬಹುದು. ಸೊರಬದ ಚಂದ್ರಗುತ್ತಿಗೆ ನಡೆದುಕೊಳ್ಳುವವರು ಮಗಳಿಗೆ ರೇಣುಕಾ ಎನ್ನುವಾಗಲೂ ಅಷ್ಟೇ, ರೇಣು ಎಂದರೆ ಧೂಳು ಎಂಬುದು ಯಾರ ತಲೆಗೂ ಬಂದಿರುವುದಿಲ್ಲ. ಇದನ್ನು ಮನೆಯ ಹಿರಿಯರನ್ನೇ ಕೇಳಬೇಕು: ಹರಕೆ ಇತ್ತಾ, ಯಾವ ದೇವರಿಗೆ, ಅಜ್ಜನ ಹೆಸರು ಏನಿತ್ತು? ಕೇಳುವಾಗ ಅಣ್ಣ ತಮ್ಮ ಇಬ್ಬರೂ ಒಂದೇ ಕತೆ ಹೇಳಿದರೆ, ಇಬ್ಬರಿಗೂ ಅದನ್ನು ಹೇಳಿದವರು ಯಾರು ಅಂತಲೂ ಕೇಳಿ.