ಪಿ.ಕೆ. ರೋಸಿ ನಟಿಸಿದ ಸಿನಿಮಾ ಎಲ್ಲಿ ನೋಡಬಹುದು?

2023ರ ಫೆಬ್ರವರಿ 10ರಂದು ಗೂಗಲ್ ತನ್ನ ಮುಖಪುಟದಲ್ಲಿ ರೋಸಿ ಅವರ ಚಿತ್ರ ಹಾಕಿತ್ತು. ಆಗಿನಿಂದ ಈ ಪ್ರಶ್ನೆ ಮತ್ತೆ ಮತ್ತೆ ಬರುತ್ತದೆ. ಮಲಯಾಳಂನ ಮೊದಲ ನಾಯಕಿ ಅಂತೀರಲ್ಲ, ಅವರ ಸಿನಿಮಾ ಯೂಟ್ಯೂಬ್‌ನಲ್ಲಿ ಇದೆಯಾ?

ಇಲ್ಲ. ಎಲ್ಲೂ ಇಲ್ಲ. ಅವರು ನಟಿಸಿದ್ದು ಒಂದೇ ಸಿನಿಮಾ, 'ವಿಗತಕುಮಾರನ್' ಅನ್ನೋ ಮೂಕಿ ಚಿತ್ರ. ಅದರ ರೀಲು ಉಳಿದಿಲ್ಲ. 2013ರಲ್ಲಿ ಬಂದ 'ಸೆಲ್ಯುಲಾಯ್ಡ್' ಅನ್ನೋ ಸಿನಿಮಾದಲ್ಲಿ ರೋಸಿಯ ಪಾತ್ರ ಬರುತ್ತದೆ, ಅದನ್ನೇ ಹಳೆಯ ಸಿನಿಮಾ ಅಂದುಕೊಳ್ಳಬೇಡಿ. ರೋಸಿ ಅವರದ್ದು ಅಂತ ಎಲ್ಲರೂ ಹಂಚಿಕೊಳ್ಳುವ ಕಪ್ಪುಬಿಳುಪು ಫೋಟೋ ಕೂಡ ಅವರದೇ ಅಂತ ಸಾಬೀತಾಗಿಲ್ಲ.

ರೋಸಿ ಪುಲಯ ಅನ್ನೋ ದಲಿತ ಜಾತಿಯ ಬಡ ಮನೆಯ ಹೆಣ್ಣುಮಗಳು. ಕಾಕ್ಕಾರಿಶ್ಶಿ ನಾಟಕ ಅಂತ ಕೇರಳದ ಒಂದು ಜನಪದ ಆಟ ಇದೆ, ಶಿವ ಪಾರ್ವತಿಯರು ಕಣಿ ಹೇಳುವ ಅಲೆಮಾರಿಗಳಾಗಿ ಬರುತ್ತಾರೆ, ಅದರಲ್ಲಿ ಅವರು ಕುಣಿದು ಹಾಡುತ್ತಿದ್ದರು. ಜೆ.ಸಿ. ಡ್ಯಾನಿಯಲ್ ಆಸ್ತಿ ಮಾರಿ ತಿರುವನಂತಪುರದಲ್ಲಿ ಸ್ಟುಡಿಯೋ ಕಟ್ಟಿ 'ವಿಗತಕುಮಾರನ್' ಮಾಡಲು ಹೊರಟಾಗ ನಾಯಕಿಯಾಗಿ ಆರಿಸಿದ್ದು ಇವರನ್ನೇ. ಪಾತ್ರದ ಹೆಸರು ಸರೋಜಂ. ಸರೋಜಂ ಮೇಲ್ಜಾತಿಯ ನಾಯರ್ ಮನೆತನದ ಹುಡುಗಿ.

ಗಲಾಟೆ ಆಗಿದ್ದು ಇದಕ್ಕೇ. ಮೊದಲ ಪ್ರದರ್ಶನ ತಿರುವನಂತಪುರದ ಕ್ಯಾಪಿಟಲ್ ಥಿಯೇಟರ್‌ನಲ್ಲಿ. ವರ್ಷ 1928 ಅಂತ ಕೆಲವರು, 1930 ಅಂತ ಕೆಲವರು ವಾದಿಸುತ್ತಾರೆ. ಯಾವುದೇ ಆಗಲಿ, ದೇವಸ್ಥಾನದ ಸುತ್ತಲಿನ ರಸ್ತೆಯಲ್ಲಿ ಎಲ್ಲ ಜಾತಿಯವರೂ ಓಡಾಡಲಿ ಅಂತ ನಡೆದ ವೈಕಂ ಸತ್ಯಾಗ್ರಹ ಮುಗಿದು ಕೆಲವೇ ವರ್ಷ ಆಗಿತ್ತು, ತಿರುವಾಂಕೂರಿನ ದೇವಸ್ಥಾನಗಳ ಬಾಗಿಲು ದಲಿತರಿಗೆ ತೆರೆದದ್ದು ಆಮೇಲೆ, 1936ರಲ್ಲಿ. ರೋಸಿ ಒಳಗೆ ಕೂತರೆ ತಾವು ಬರಲ್ಲ ಅಂತ ದೊಡ್ಡ ಮನುಷ್ಯರು ಹೇಳಿದರಂತೆ. ಹಾಗಾಗಿ ತನ್ನದೇ ಸಿನಿಮಾದ ಮೊದಲ ಆಟದಲ್ಲಿ ನಾಯಕಿಗೆ ಜಾಗ ಇರಲಿಲ್ಲ! ನಾಯಕ ಆಕೆಯ ಮುಡಿಯ ಹೂವಿಗೆ ಮುತ್ತಿಡುವ ಒಂದು ದೃಶ್ಯ ಇತ್ತು. ಅಲ್ಲಿಗೆ ಬಂದಾಗ ಜನ ರೊಚ್ಚಿಗೆದ್ದು ಪರದೆಗೆ ಕಲ್ಲು ಎಸೆದರು. ಯೋಚನೆ ಮಾಡಿ, ಮೂಕಿ ಸಿನಿಮಾ ಅದು. ಆಕೆ ಒಂದು ಮಾತೂ ಆಡಿರಲಿಲ್ಲ. ಸುಮ್ನೆ ನಾಯರ್ ಹೆಣ್ಣಿನ ಬಟ್ಟೆ ತೊಟ್ಟು ನಿಂತಿದ್ದೇ ತಪ್ಪಾಯಿತು. ಆಮೇಲೆ ಅವರ ಗುಡಿಸಲಿಗೂ ಬೆಂಕಿ ಬಿತ್ತು ಅನ್ನುತ್ತಾರೆ.

ರೀಲು ಏನಾಯಿತು? ಡ್ಯಾನಿಯಲ್ ಸಾಲದಲ್ಲಿ ಮುಳುಗಿ ಸ್ಟುಡಿಯೋ ಮುಚ್ಚಿದರು, ಮುಂದೆ ಹಲ್ಲಿನ ವೈದ್ಯರಾಗಿ ಹೊಟ್ಟೆ ಹೊರೆದರು. ಮನೆಯಲ್ಲಿದ್ದ ಫಿಲ್ಮನ್ನು ತಾನೇ ಚಿಕ್ಕವನಿದ್ದಾಗ ಆಟಕ್ಕೆ ಸುಟ್ಟುಬಿಟ್ಟೆ ಅಂತ ಅವರ ಮಗ ಎಷ್ಟೋ ವರ್ಷದ ನಂತರ ಹೇಳಿಕೊಂಡರು. ಆ ಕಾಲದ ನೈಟ್ರೇಟ್ ಫಿಲ್ಮ್ ಕಿಡಿ ತಾಗಿದರೆ ಸಾಕು, ಭಗ್ಗನೆ ಹತ್ತಿಕೊಳ್ಳುತ್ತಿತ್ತು. ಮಗುವನ್ನು ಬೈದು ಏನು ಪ್ರಯೋಜನ? ಭಾರತದಲ್ಲಿ ತಯಾರಾದ ಸುಮಾರು 1300 ಮೂಕಿ ಚಿತ್ರಗಳಲ್ಲಿ ಬೆರಳೆಣಿಕೆಯಷ್ಟೇ ಉಳಿದಿವೆ. ಮಲಯಾಳಂನ ಎರಡನೇ ಸಿನಿಮಾ 'ಮಾರ್ತಾಂಡ ವರ್ಮ' ಉಳಿಯಿತು, ಅದೂ ವಿಚಿತ್ರ ಕಾರಣಕ್ಕೆ: ಅದರ ಮೂಲ ಕಾದಂಬರಿಯ ಹಕ್ಕಿನ ಬಗ್ಗೆ ಕೇಸು ಬಿದ್ದು ಪ್ರಿಂಟು ಪುಸ್ತಕ ಪ್ರಕಾಶಕರ ಕೈ ಸೇರಿತು, 1974ರಲ್ಲಿ ಅವರ ಅಂಗಡಿಯಲ್ಲಿ ಸಿಕ್ಕಿತು, ಈಗ ಪುಣೆಯ ಫಿಲ್ಮ್ ಆರ್ಕೈವ್‌ನಲ್ಲಿದೆ. ಆ ಕಾಲದ ಮಲಯಾಳಂ ಸಿನಿಮಾ ಹೇಗಿತ್ತು ಅಂತ ನೋಡಲೇಬೇಕು ಅನ್ನುವವರಿಗೆ ಉಳಿದಿರುವ ದಾರಿ ಅದೊಂದೇ.

ಇನ್ನು ರೋಸಿ. 2019ರಲ್ಲಿ ಮಲಯಾಳಂ ಚಿತ್ರರಂಗದ ಹೆಣ್ಣುಮಕ್ಕಳು ಅವರ ಹೆಸರಿನಲ್ಲಿ ಒಂದು ಫಿಲ್ಮ್ ಸೊಸೈಟಿ ಮಾಡಿದರು, ನನಗೆ ತುಂಬ ಖುಷಿ ಕೊಟ್ಟ ಸುದ್ದಿ ಅದು. ಆದರೆ ಅವರು ಬದುಕಿದ್ದಾಗ ಆಗಿದ್ದೇ ಬೇರೆ. ಆ ಗಲಾಟೆಯ ನಂತರ ರಾತ್ರೋರಾತ್ರಿ ತಮಿಳುನಾಡಿನ ಕಡೆ ಹೊರಟಿದ್ದ ಒಂದು ಲಾರಿ ಹತ್ತಿದರು ಅಂತ ಅವರ ಬಗ್ಗೆ ಹುಡುಕಿ ಬರೆದವರು ಹೇಳುತ್ತಾರೆ. ಆ ಲಾರಿಯ ಡ್ರೈವರನ್ನೇ ಮದುವೆಯಾದರು. ಆ ಡ್ರೈವರ್ ಮೇಲ್ಜಾತಿಯವರು. ನಾಗರಕೋಯಿಲ್ ಕಡೆ ರಾಜಮ್ಮಾಳ್ ಅನ್ನೋ ಹೆಸರಲ್ಲಿ ಸಂಸಾರ ಮಾಡಿದರು. ತೆರೆಯ ಮೇಲೆ ಯಾವ ವೇಷ ಹಾಕಿದ್ದಕ್ಕೆ ಕಲ್ಲು ಬಿತ್ತೋ, ಅದೇ ಬದುಕನ್ನು ಕೊನೆತನಕ ಬಾಳಿದರು, ಯಾರೂ ಗುರುತು ಹಿಡಿಯಲಿಲ್ಲ. ಅಮ್ಮ ಹಿಂದೆ ನಾಟಕದಲ್ಲಿ ಇದ್ದರು ಅನ್ನುವಷ್ಟೇ ಮಕ್ಕಳಿಗೆ ಗೊತ್ತಿತ್ತು.