ಅರವತ್ತು ಎಂಬಿಯ ಆಟ ಎರಡು ಜಿಬಿ ನುಂಗುವ ಬಗೆ

‘ಸ್ಟೋರೇಜ್ ಸ್ಪೇಸ್ ರನ್ನಿಂಗ್ ಔಟ್’ ಅಂತ ಫೋನ್ ಗೊಣಗಲು ಶುರು ಮಾಡಿದ ಕೂಡಲೇ ಹೆಚ್ಚಿನವರ ಕೈ ಹೋಗುವುದು ಗ್ಯಾಲರಿಗೆ. ನಾಮಕರಣದ ಫೋಟೊ, ಊರಜಾತ್ರೆಯ ವಿಡಿಯೊ ಎಲ್ಲ ಒಂದೊಂದಾಗಿ ಅಳಿಸಿ ಅರ್ಧ ಗಂಟೆ ಕಳೆದ ಮೇಲೆ ನೋಡಿದರೆ ಸಿಕ್ಕಿದ್ದು ಮುನ್ನೂರು ಎಂಬಿ. ಅದೇ ಫೋನಿನಲ್ಲಿ ಮಗ ಆರು ತಿಂಗಳ ಹಿಂದೆ ಹಾಕಿಕೊಂಡು ಮರೆತ ಕಾರ್ ರೇಸಿನ ಆಟ ಎರಡು ಜಿಬಿ ಹಿಡಿದು ಸುಮ್ಮನೆ ಕೂತಿರುತ್ತದೆ. ಫೋಟೊಗೆ ಮೂರೂವರೆ ಎಂಬಿ ಎಂದು ಲೆಕ್ಕ ಹಾಕಿದರೂ ಆ ಒಂದು ಆಟ 570 ಫೋಟೊಗಳಿಗೆ ಸಮ. 32 ಜಿಬಿಯ ಹಳೆ ಆಂಡ್ರಾಯ್ಡ್ ಫೋನಿನಲ್ಲಿ ಜಾಗ ಮಾಡಬೇಕೆಂದರೆ ಮೊದಲು ಆಟ, ಆಮೇಲೆ ಫೋಟೊ. ಆದರೆ ಆಟದ ತೂಕ ಎಲ್ಲಿ ಕೂತಿದೆ ಎಂದು ನೋಡದೆ ತೆಗೆಯಲು ಹೋದರೆ ಒಮ್ಮೊಮ್ಮೆ ಜಾಗವೂ ಬರುವುದಿಲ್ಲ, ಆಡಿ ಗಳಿಸಿದ ಲೆವೆಲ್ಲೂ ಉಳಿಯುವುದಿಲ್ಲ.

ಡಬ್ಬದ ಮೇಲೆ 32 ಜಿಬಿ ಎಂದಿದ್ದರೂ ಅಷ್ಟೂ ನಮ್ಮ ಪಾಲಿಗಿಲ್ಲ. ಆಂಡ್ರಾಯ್ಡ್ ಮತ್ತು ಕಂಪನಿಯವರು ತುಂಬಿಕೊಟ್ಟ ಆ್ಯಪ್‌ಗಳು ಸೇರಿ ಹತ್ತು ಜಿಬಿ ಆಸುಪಾಸು ಮೊದಲೇ ಹೋಗಿರುತ್ತದೆ. ಉಳಿದದ್ದರಲ್ಲಿ ವಾಟ್ಸ್‌ಆ್ಯಪ್, ಬ್ಯಾಂಕು, ಯುಪಿಐ, ಯೂಟ್ಯೂಬ್ ಎಲ್ಲ ಸಂಸಾರ ಮಾಡಬೇಕು. ಅಂಥ ಮನೆಯಲ್ಲಿ ಎರಡು ಜಿಬಿಯ ಬಾಡಿಗೆದಾರ ಸಣ್ಣವನಲ್ಲ.

ಪ್ಲೇ ಸ್ಟೋರ್ ತೋರಿಸುವ ಅಳತೆಯನ್ನು ನಂಬಿ ಕೂರುವುದೇ ಮೊದಲ ತಪ್ಪು. ಅಲ್ಲಿ ಕಾಣುವುದು ಡೌನ್‌ಲೋಡ್ ಗಾತ್ರ. ಫೋನಿಗೆ ಬಂದು ಕೂತ ಮೇಲೆ ಆಂಡ್ರಾಯ್ಡ್ ಅದರ ಕೋಡನ್ನು ಬೇಗ ಓಡುವಂತೆ ಸಿದ್ಧಪಡಿಸಿ ಇನ್ನೊಂದಷ್ಟು ಫೈಲುಗಳನ್ನು ಪಕ್ಕದಲ್ಲಿ ಇಡುತ್ತದೆ. ಆಟವನ್ನು ಮೊದಲ ಸಲ ತೆರೆದಾಗ ‘ರಿಸೋರ್ಸ್ ಡೌನ್‌ಲೋಡ್ ಆಗುತ್ತಿದೆ’ ಎಂದು ಇನ್ನೊಂದು ಕಂತು ಇಳಿಯುತ್ತದೆ: ನಕ್ಷೆ, ಹಾಡು, ಪಾತ್ರಗಳ ಬಟ್ಟೆಬರೆ. ಅರವತ್ತು ಎಂಬಿ ಎಂದು ಹಾಕಿಕೊಂಡ ಆಟ ಎರಡು ಜಿಬಿ ಆಗುವುದು ಈ ಎರಡನೇ ಕಂತಿನಲ್ಲಿ. ಅದರ ಮೇಲೆ ಹಬ್ಬಕ್ಕೊಂದು, ಸೀಸನ್ನಿಗೊಂದು ಹೊಸ ಕಂತು.

ನಿಜವಾದ ಲೆಕ್ಕ ಸಿಗುವುದು ಸೆಟ್ಟಿಂಗ್ಸ್‌ನಲ್ಲಿ. ಸೆಟ್ಟಿಂಗ್ಸ್, ಅದರೊಳಗೆ ಆ್ಯಪ್ಸ್, ಆಟದ ಹೆಸರು, ಅಲ್ಲಿ ಸ್ಟೋರೇಜ್. ಫೋನ್ ಕನ್ನಡದಲ್ಲಿದ್ದರೆ ‘ಸಂಗ್ರಹಣೆ’ ಎಂದು ಕಾಣುತ್ತದೆ. ಉದಾಹರಣೆಗೆ ಒಂದು ಆಟದ ಪುಟ ಹೀಗಿದೆ ಎನ್ನಿ: ಆ್ಯಪ್ ಸೈಜ್ 180 ಎಂಬಿ, ಯೂಸರ್ ಡೇಟಾ 1.9 ಜಿಬಿ, ಕ್ಯಾಶೆ (ಬೇಗ ತೆರೆಯಲೆಂದು ಆಟ ತಾತ್ಕಾಲಿಕವಾಗಿ ಇಟ್ಟುಕೊಂಡ ಫೈಲುಗಳು) 240 ಎಂಬಿ. ಇದರಲ್ಲಿ ‘ಕ್ಲಿಯರ್ ಕ್ಯಾಶೆ’ ಒತ್ತಿದರೆ 240 ಎಂಬಿ ಬರುತ್ತದೆ, ಏನೂ ಕೆಡುವುದಿಲ್ಲ. ಆದರೆ ಮುಂದಿನ ವಾರ ಆಡುವಷ್ಟರಲ್ಲಿ ಅದು ಮತ್ತೆ ತುಂಬಿರುತ್ತದೆ. ದಿನಾ ಆಡುವ ಆಟದ ಕ್ಯಾಶೆಯನ್ನು ದಿನಾ ಅಳಿಸುವುದು ಸೋರುವ ನಲ್ಲಿಯ ಕೆಳಗೆ ನೆಲ ಒರೆಸಿದ ಹಾಗೆ. ‘ಕ್ಲಿಯರ್ ಡೇಟಾ’ ಅಥವಾ ‘ಕ್ಲಿಯರ್ ಸ್ಟೋರೇಜ್’ ಬೇರೆಯೇ ಗುಂಡಿ. ಅದು ಆಟವನ್ನು ಹಾಕಿದ ದಿನದ ಸ್ಥಿತಿಗೆ ಒಯ್ಯುತ್ತದೆ. ಲಾಗಿನ್ ಹೋಗುತ್ತದೆ, ಫೋನಿನಲ್ಲಷ್ಟೇ ಉಳಿಸಿದ ಲೆವೆಲ್ಲುಗಳೂ ಹೋಗುತ್ತವೆ. ಎರಡು ಗುಂಡಿ ಅಕ್ಕಪಕ್ಕದಲ್ಲೇ ಇರುವುದರಿಂದ ಅವಸರದಲ್ಲಿ ಕೈತಪ್ಪುವುದು ಇಲ್ಲೇ.

ಯಾವ ಆಟದಿಂದ ಶುರು ಮಾಡಬೇಕು? ಪ್ಲೇ ಸ್ಟೋರ್ ತೆರೆದು ಮೇಲಿನ ಪ್ರೊಫೈಲ್ ಚಿತ್ರ ಒತ್ತಿ, ‘ಮ್ಯಾನೇಜ್ ಆ್ಯಪ್ಸ್ ಅಂಡ್ ಡಿವೈಸ್’ಗೆ ಹೋಗಿ, ‘ಮ್ಯಾನೇಜ್’ ಎಂಬ ಟ್ಯಾಬ್ ತೆಗೆಯಿರಿ. ಪಟ್ಟಿಯನ್ನು ಮೊದಲು ‘ಸೈಜ್’ ಪ್ರಕಾರ, ಆಮೇಲೆ ‘ಲೀಸ್ಟ್ ಯೂಸ್ಡ್’ ಪ್ರಕಾರ ಜೋಡಿಸಿ ನೋಡಿ. ಎರಡೂ ಪಟ್ಟಿಯ ಮೇಲ್ಭಾಗದಲ್ಲಿ ಕಾಣುವ ಆಟಗಳೇ ಮೊದಲ ಬಲಿ. ಪಕ್ಕದ ಚೌಕಗಳಿಗೆ ಟಿಕ್ ಹಾಕಿ ಮೇಲಿನ ಕಸದಬುಟ್ಟಿ ಒತ್ತಿದರೆ ಐದಾರು ಆಟ ಒಟ್ಟಿಗೆ ಹೋಗುತ್ತವೆ. ಮೂವತ್ತು ಎಂಬಿಯ ಚೌಕಾಬಾರ, ಸುಡೊಕು ತೆಗೆಯುವ ಗೋಜಿಗೆ ಹೋಗಬೇಡಿ. ಅಂಥ ಇಪ್ಪತ್ತು ಆಟ ತೆಗೆದರೂ ಬರುವ ಜಾಗ ದೊಡ್ಡ ಶೂಟಿಂಗ್ ಆಟವೊಂದಕ್ಕೆ ಸಾಲದು, ಅಜ್ಜನ ಮಧ್ಯಾಹ್ನ ಮಾತ್ರ ಹಾಳಾಗುತ್ತದೆ.

ಹಳೆ ಫೋನುಗಳಲ್ಲಿ ಇನ್ನೊಂದು ಜಾತಿಯ ಆಟ ಸಿಗುತ್ತದೆ: ಸತ್ತ ಆಟ. ಪಬ್‌ಜಿ ಮೊಬೈಲ್ ಭಾರತದಲ್ಲಿ ನಿಷೇಧವಾದದ್ದು 2020ರ ಸೆಪ್ಟೆಂಬರ್‌ನಲ್ಲಿ, ಗರೀನಾ ಫ್ರೀ ಫೈರ್ 2022ರ ಫೆಬ್ರುವರಿಯಲ್ಲಿ. ನಿಷೇಧವಾದ ಮಾತ್ರಕ್ಕೆ ಫೋನಿನಲ್ಲಿದ್ದ ಫೈಲುಗಳು ತಾವಾಗಿ ಮಾಯವಾಗುವುದಿಲ್ಲ. ಕಪಾಟಿನಿಂದ ತೆಗೆದು ಮಕ್ಕಳ ಆನ್‌ಲೈನ್ ತರಗತಿಗೋ ಅಮ್ಮನಿಗೋ ಕೊಟ್ಟ ಫೋನಿನಲ್ಲಿ ಇವು ಈಗಲೂ ಜಿಬಿಗಟ್ಟಲೆ ಬಿದ್ದಿರಬಹುದು. ಇವನ್ನು ತೆಗೆಯಲು ಯೋಚನೆಯೇ ಬೇಡ.

ಉಳಿದ ಆಟಗಳಿಗೆ ಐದು ನಿಮಿಷದ ಯೋಚನೆ ಬೇಕು, ಏಕೆಂದರೆ ಆಟದ ಗಳಿಕೆ ಎಲ್ಲಿ ಉಳಿಯುತ್ತದೆ ಎಂಬುದು ಆಟದಿಂದ ಆಟಕ್ಕೆ ಬೇರೆ. ಕ್ಲ್ಯಾಶ್ ಆಫ್ ಕ್ಲ್ಯಾನ್ಸ್ ಥರದ ಆಟಗಳಲ್ಲಿ ಹಳ್ಳಿಯೆಲ್ಲ ಕಂಪನಿಯ ಸರ್ವರ್‌ನಲ್ಲಿರುತ್ತದೆ. ಆ ಕಂಪನಿಯ ಖಾತೆಯಾದ ಸೂಪರ್‌ಸೆಲ್ ಐಡಿ ಜೋಡಿಸಿದ್ದರೆ ಹತ್ತು ಸಲ ತೆಗೆದು ಹಾಕಿದರೂ ಹಾಗೇ ಬರುತ್ತದೆ. ಅಪಾಯ ಇರುವುದು ಯಾವ ಖಾತೆಗೂ ಜೋಡಿಸದೆ ‘ಗೆಸ್ಟ್’ ಆಗಿ ಆಡಿದಾಗ. ಗೆಸ್ಟ್ ಖಾತೆಯ ಗುರುತು ಆ ಫೋನಿನೊಳಗೆ ಮಾತ್ರ ಇರುವುದರಿಂದ, ಅನ್‌ಇನ್‌ಸ್ಟಾಲ್ ಮಾಡಿದ ಕ್ಷಣ ಕೀಲಿಕೈ ಕೆರೆಗೆ ಬಿದ್ದಂತೆ. ಆಟದ ಸೆಟ್ಟಿಂಗ್ಸ್‌ಗೆ ಹೋಗಿ ಗೂಗಲ್ ಪ್ಲೇ ಗೇಮ್ಸ್, ಫೇಸ್‌ಬುಕ್ ಅಥವಾ ಕಂಪನಿಯ ಸ್ವಂತ ಐಡಿಗೆ ಜೋಡಿಸಿ, ಪ್ಲೇಯರ್ ಐಡಿ ಸಂಖ್ಯೆಯ ಸ್ಕ್ರೀನ್‌ಶಾಟ್ ಒಂದು ಇಟ್ಟುಕೊಳ್ಳಿ. ಪೂರ್ತಿ ಆಫ್‌ಲೈನ್ ಆಡುವ ಸಣ್ಣ ಆಟಗಳ ಕತೆ ಬೇರೆ. ಆಂಡ್ರಾಯ್ಡ್ 6ರಿಂದ ಈಚೆಗೆ ಪ್ರತಿ ಆ್ಯಪ್‌ನ 25 ಎಂಬಿವರೆಗಿನ ಡೇಟಾ ಗೂಗಲ್ ಬ್ಯಾಕಪ್‌ಗೆ ಹೋಗುವ ಏರ್ಪಾಡು ಇದೆ; ಆದರೆ ಆಟ ಮಾಡಿದವರು ಅದನ್ನು ಬೇಡವೆಂದು ಮುಚ್ಚಿಟ್ಟಿರಬಹುದು, ಇಲ್ಲವೇ ಫೋನಿನಲ್ಲಿ ಬ್ಯಾಕಪ್ಪೇ ಆಫ್ ಆಗಿರಬಹುದು. ಮಗು ಮುನ್ನೂರನೇ ಲೆವೆಲ್‌ನಲ್ಲಿದ್ದರೆ ತೆಗೆಯುವ ಮುಂಚೆ ಒಂದು ಮಾತು ಕೇಳಿಬಿಡುವುದು ಮನೆಯ ಶಾಂತಿಗೆ ಒಳ್ಳೆಯದು.

ದುಡ್ಡಿನ ವಿಷಯ ಎರಡು. ಆಟಕ್ಕೆ ತಿಂಗಳ ಚಂದಾ ಕಟ್ಟುತ್ತಿದ್ದರೆ ಆಟ ತೆಗೆದ ಮಾತ್ರಕ್ಕೆ ಅದು ನಿಲ್ಲುವುದಿಲ್ಲ. ಪ್ಲೇ ಸ್ಟೋರ್‌ನ ‘ಪೇಮೆಂಟ್ಸ್ ಅಂಡ್ ಸಬ್‌ಸ್ಕ್ರಿಪ್ಷನ್ಸ್’ನಲ್ಲಿ ಪ್ರತ್ಯೇಕವಾಗಿ ರದ್ದು ಮಾಡಬೇಕು. ಇನ್ನೊಂದು ರಮ್ಮಿ, ಫ್ಯಾಂಟಸಿ ಕ್ರಿಕೆಟ್ ಥರದ ಆ್ಯಪ್‌ಗಳದು. ಹಣ ಪಣಕ್ಕಿಡುವ ಆನ್‌ಲೈನ್ ಆಟಗಳನ್ನು ನಿಷೇಧಿಸುವ ಕಾಯ್ದೆಗೆ ಸಂಸತ್ತು 2025ರ ಆಗಸ್ಟ್‌ನಲ್ಲಿ ಒಪ್ಪಿಗೆ ಕೊಟ್ಟಿತು. ಅಂಥ ಆ್ಯಪ್ ಇನ್ನೂ ಫೋನಿನಲ್ಲಿದ್ದರೆ ವಾಲೆಟ್‌ನಲ್ಲಿ ಬಾಕಿ ಇದೆಯೇ ನೋಡಿ, ಇದ್ದರೆ ಬ್ಯಾಂಕಿಗೆ ಹಾಕಿಕೊಂಡ ಮೇಲೆ ತೆಗೆಯಿರಿ.

ಈಗ ತೆಗೆಯುವ ಕೆಲಸ. ಹೋಮ್ ಸ್ಕ್ರೀನಿನ ಐಕಾನ್ ಒತ್ತಿ ಹಿಡಿದಾಗ ‘ರಿಮೂವ್’ ಮತ್ತು ‘ಅನ್‌ಇನ್‌ಸ್ಟಾಲ್’ ಎಂದು ಎರಡು ಬರುತ್ತವೆ. ‘ರಿಮೂವ್’ ಚಿತ್ರವನ್ನು ಮಾತ್ರ ಸರಿಸುತ್ತದೆ, ಆಟ ಒಳಗೆ ಹಾಗೇ ಇರುತ್ತದೆ. ‘ಎಲ್ಲ ಗೇಮ್ ತೆಗೆದೆ, ಜಾಗ ಒಂದಿಷ್ಟೂ ಬರಲಿಲ್ಲ’ ಎನ್ನುವವರಲ್ಲಿ ಈ ರಿಮೂವ್ ಮಾಡಿದವರೇ ಜಾಸ್ತಿ. ಇನ್ನು ಕೆಲವು ಫೋನುಗಳಲ್ಲಿ ಒಂದೇ ಫೋನನ್ನು ಇಬ್ಬರು ಬೇರೆ ಬೇರೆಯಾಗಿ ಬಳಸಲು, ಇಲ್ಲವೇ ಒಂದೇ ಆ್ಯಪನ್ನು ಎರಡು ಖಾತೆಯಲ್ಲಿ ಓಡಿಸಲು ಎರಡನೇ ಸ್ಪೇಸ್, ಗೆಸ್ಟ್ ಯೂಸರ್ ಅಥವಾ ಡ್ಯುಯಲ್ ಆ್ಯಪ್ ಇರುತ್ತದೆ. ಒಂದೇ ಆಟ ಎರಡು ಕಡೆ ಇದ್ದರೆ, ಒಂದು ಕಡೆ ತೆಗೆದಾಗ ಆ ಕಡೆಯ ಡೇಟಾ ಮಾತ್ರ ಹೋಗುತ್ತದೆ. ಮೂಲ ಆ್ಯಪ್ ಎರಡನೆಯವರೂ ತೆಗೆಯುವ ತನಕ ಕದಲುವುದಿಲ್ಲ.

ಫೋನಿನ ಜೊತೆಗೇ ಬಂದ ಆಟಗಳಿಗೆ ‘ಅನ್‌ಇನ್‌ಸ್ಟಾಲ್’ ಬದಲು ‘ಡಿಸೇಬಲ್’ ಎಂದಷ್ಟೇ ಕಾಣಬಹುದು. ಇಂಥವು ಆಂಡ್ರಾಯ್ಡ್ ತನಗಾಗಿ ಮೀಸಲಿಟ್ಟ ಸಿಸ್ಟಮ್ ಪಾರ್ಟಿಷನ್‌ನಲ್ಲಿ ಕೂತಿರುತ್ತವೆ, ಆ ಜಾಗ ನಮಗೆಂದೂ ಸಿಗುವಂಥದ್ದಲ್ಲ. ಆದರೆ ಅವುಗಳ ಅಪ್‌ಡೇಟುಗಳು ಇಳಿಯುವುದು ನಮ್ಮ ಪಾಲಿನ ಜಾಗದಲ್ಲಿ. ಆದ್ದರಿಂದ ಮೊದಲು ‘ಅನ್‌ಇನ್‌ಸ್ಟಾಲ್ ಅಪ್‌ಡೇಟ್ಸ್’, ಆಮೇಲೆ ‘ಕ್ಲಿಯರ್ ಸ್ಟೋರೇಜ್’, ಕೊನೆಗೆ ‘ಡಿಸೇಬಲ್’. ಡಿಸೇಬಲ್ ಮಾಡದೆ ಬಿಟ್ಟರೆ ಪ್ಲೇ ಸ್ಟೋರ್ ರಾತ್ರೋರಾತ್ರಿ ಮತ್ತೆ ಅಪ್‌ಡೇಟ್ ಎಳೆದು ತರುತ್ತದೆ.

ಆಟ ಬೇಕು, ಸದ್ಯಕ್ಕೆ ಬೇಡ ಎನ್ನುವವರಿಗೆ ‘ಆರ್ಕೈವ್’ ಇದೆ. ಪ್ಲೇ ಸ್ಟೋರ್‌ನ ಸೆಟ್ಟಿಂಗ್ಸ್‌ನಲ್ಲಿ, ಜನರಲ್ ಎಂಬಲ್ಲಿ, ಬಳಸದ ಆ್ಯಪ್‌ಗಳನ್ನು ತಾನೇ ಆರ್ಕೈವ್ ಮಾಡುವ ಸ್ವಿಚ್ ಸಿಗುತ್ತದೆ. ಇದು ಮೂಲ ಆ್ಯಪ್ ತೆಗೆದು ಡೇಟಾ ಉಳಿಸಿಕೊಳ್ಳುತ್ತದೆ. ಕೇಳಲು ಚೆನ್ನಾಗಿದೆ, ಆದರೆ ಮೇಲಿನ ಉದಾಹರಣೆಗೆ ಹಚ್ಚಿ ನೋಡಿ: ಆ್ಯಪ್ 180 ಎಂಬಿ, ಡೇಟಾ 1.9 ಜಿಬಿ. ಆರ್ಕೈವ್ ಮಾಡಿದರೆ ಭಾರವಾದ ಭಾಗ ಅಲ್ಲೇ ಉಳಿಯುತ್ತದೆ. ಐಫೋನಿನ ‘ಆಫ್‌ಲೋಡ್ ಆ್ಯಪ್’ ಕತೆಯೂ ಇದೇ. ಅಲ್ಲಿ ಸೆಟ್ಟಿಂಗ್ಸ್, ಜನರಲ್, ಐಫೋನ್ ಸ್ಟೋರೇಜ್‌ಗೆ ಹೋಗಿ ‘ಡಾಕ್ಯುಮೆಂಟ್ಸ್ ಅಂಡ್ ಡೇಟಾ’ ಸಾಲು ನೋಡಿ. ಅದೇ ದೊಡ್ಡದಿದ್ದರೆ ಆಫ್‌ಲೋಡ್ ಪ್ರಯೋಜನವಿಲ್ಲ, ‘ಡಿಲೀಟ್ ಆ್ಯಪ್’ ಆಗಬೇಕು.

ಅನ್‌ಇನ್‌ಸ್ಟಾಲ್ ಆದ ಮೇಲೂ ಉಳಿಯುವ ಕಸ ಒಂದಿದೆ. ಆಂಡ್ರಾಯ್ಡ್ ಫೋಲ್ಡರ್‌ನೊಳಗಿನ ‘ಡೇಟಾ’, ‘ಒಬಿಬಿ’ ಫೋಲ್ಡರ್‌ಗಳಲ್ಲಿ ಆಟ ತನ್ನ ಹೆಸರಿನಲ್ಲಿ ಇಟ್ಟದ್ದನ್ನು ವ್ಯವಸ್ಥೆಯೇ ಗುಡಿಸುತ್ತದೆ. ಆಂಡ್ರಾಯ್ಡ್ 11ರಿಂದ ಈಚೆಗೆ ಬೇರೆ ಆ್ಯಪ್‌ಗಳಿಗೆ ಅಲ್ಲಿ ಇಣುಕಲೂ ಬಿಡುವುದಿಲ್ಲ, ಇಣುಕುವ ಅಗತ್ಯವೂ ಇಲ್ಲ. ಅದಕ್ಕಿಂತ ಹಳೆಯ ಫೋನುಗಳಲ್ಲಿ ಮಾತ್ರ ಕೆಲವು ಆಟಗಳು ಸ್ಟೋರೇಜ್‌ನ ನಡುಮನೆಯಲ್ಲೇ ತಮ್ಮದೊಂದು ಫೋಲ್ಡರ್ ಮಾಡಿಕೊಳ್ಳುತ್ತಿದ್ದವು. ಅದನ್ನು ನಾವೇ ಅಳಿಸಬೇಕು. ಆಮೇಲೆ ಡೌನ್‌ಲೋಡ್ಸ್ ಫೋಲ್ಡರ್ ನೋಡಿ. ಗೆಳೆಯರು ಕಳಿಸಿದ ಎಪಿಕೆ ಫೈಲುಗಳು, ಅಂದರೆ ಪ್ಲೇ ಸ್ಟೋರ್ ಇಲ್ಲದೆ ಆಟ ಹಾಕಿಕೊಳ್ಳುವ ಫೈಲುಗಳು, ಆಟ ಹಾಕಿದ ಮೇಲೂ ಅಲ್ಲೇ ಇರುತ್ತವೆ. 2020ರ ಜೂನ್‌ನಲ್ಲಿ ನಿಷೇಧವಾದ, ಫೋನಿನಿಂದ ಫೋನಿಗೆ ಫೈಲು ಕಳಿಸುವ ಶೇರ್‌ಇಟ್ ಆ್ಯಪ್ ಬಳಸಿದ್ದ ಫೋನಾದರೆ ಆ ಹೆಸರಿನ ಫೋಲ್ಡರ್ ಇನ್ನೂ ಇದೆಯೇ ಹುಡುಕಿ. ಮಕ್ಕಳು ಆಟದ ಸ್ಕ್ರೀನ್ ರೆಕಾರ್ಡ್ ಮಾಡುವುದುಂಟು: ಸೆಕೆಂಡಿಗೆ 16 ಮೆಗಾಬಿಟ್ (ಎಂದರೆ ಎರಡು ಎಂಬಿ) ದರದಲ್ಲಿ ರೆಕಾರ್ಡ್ ಮಾಡಿದರೆ ನಿಮಿಷಕ್ಕೆ 120 ಎಂಬಿ, ಹತ್ತು ನಿಮಿಷಕ್ಕೆ 1.2 ಜಿಬಿ. ಅಳಿಸಿದ ವಿಡಿಯೊ ಗ್ಯಾಲರಿಯ ಕಸದಬುಟ್ಟಿಯಲ್ಲಿ ಸಾಮಾನ್ಯವಾಗಿ ಮೂವತ್ತು ದಿನ ಉಳಿಯುತ್ತದೆ, ಬುಟ್ಟಿ ಖಾಲಿ ಮಾಡುವ ತನಕ ಜಾಗ ಬರುವುದಿಲ್ಲ. ಇದಕ್ಕೆಲ್ಲ ‘ಕ್ಲೀನರ್’ ಆ್ಯಪ್ ಹಾಕಿಕೊಳ್ಳಬೇಡಿ. ಜಾಹೀರಾತು ತೋರಿಸಿ ಜಾಗ ತಿನ್ನುವುದೇ ಅವುಗಳ ಕಸುಬು. ಗೂಗಲ್‌ನ ಫೈಲ್ಸ್ ಆ್ಯಪ್ ಸಾಕು.

ಜಾಗ ಬಂದರೂ ಫೋನ್ ತಕ್ಷಣ ಚುರುಕಾಗದಿದ್ದರೆ ಗಾಬರಿ ಬೇಡ. ಫೋನಿನ ಫ್ಲ್ಯಾಶ್ ಮೆಮರಿಯಲ್ಲಿ ಹಳೆಯದರ ಮೇಲೆ ನೇರವಾಗಿ ಹೊಸದನ್ನು ಬರೆಯಲಾಗದು. ದೊಡ್ಡ ದೊಡ್ಡ ಬ್ಲಾಕುಗಳನ್ನು ಮೊದಲು ಪೂರ್ತಿ ಅಳಿಸಬೇಕು. ಫೋನ್ ತುಂಬಿ ತುಳುಕುವಾಗ ಖಾಲಿ ಬ್ಲಾಕು ಸಿಗದೆ, ಇರುವುದನ್ನೇ ಅತ್ತಿತ್ತ ಎತ್ತಿಟ್ಟು ಜಾಗ ಮಾಡಿಕೊಳ್ಳಬೇಕಾಗುತ್ತದೆ. ಕೀಬೋರ್ಡ್ ತಡವರಿಸುವುದು, ಕ್ಯಾಮೆರಾ ಒತ್ತಿದರೆ ಎರಡು ಸೆಕೆಂಡ್ ಯೋಚಿಸುವುದು ಎಲ್ಲ ಇದರಿಂದ. ನಾವು ಆಟ ಅಳಿಸಿದಾಗ ಆ ಬ್ಲಾಕುಗಳು ಖಾಲಿ ಎಂಬ ಸುದ್ದಿ ಮೆಮರಿ ಚಿಪ್‌ಗೆ ಮುಟ್ಟಬೇಕು. ಟ್ರಿಮ್ ಎಂಬ ಈ ಕೆಲಸವನ್ನು ಬಹಳಷ್ಟು ಹಳೆ ಫೋನುಗಳು ಮಾಡುವುದು ಚಾರ್ಜ್‌ಗೆ ಹಾಕಿ ಸುಮ್ಮನೆ ಬಿಟ್ಟಾಗ. ಹಾಗಾಗಿ ದೊಡ್ಡ ಆಟ ತೆಗೆದ ದಿನ ಒಮ್ಮೆ ರೀಸ್ಟಾರ್ಟ್ ಮಾಡಿ, ರಾತ್ರಿ ಚಾರ್ಜ್‌ಗಿಟ್ಟು ಮಲಗಿ, ಬೆಳಿಗ್ಗೆ ನೋಡಿ.

ಎಷ್ಟು ಖಾಲಿ ಇರಬೇಕು? ಮೂಲ ಆಂಡ್ರಾಯ್ಡ್ ಎಚ್ಚರಿಕೆ ಕೊಡುವುದು ಖಾಲಿ ಜಾಗ ಶೇ 5ಕ್ಕೋ 500 ಎಂಬಿಗೋ, ಯಾವುದು ಕಡಿಮೆಯೋ ಅದಕ್ಕೆ ಇಳಿದಾಗ. ಅಂದರೆ 32 ಜಿಬಿ ಫೋನು ಬಾಯಿ ಬಿಡುವುದು 500 ಎಂಬಿಗೆ, ಅದು ತೀರಾ ತಡ. ಆ್ಯಪ್ ಅಪ್‌ಡೇಟ್ ಆಗುವಾಗ ಹಳೆಯದು ಇದ್ದಂತೆಯೇ ಹೊಸದೂ ಬಂದು ಕೂರಬೇಕು, ಆಮೇಲಷ್ಟೇ ಹಳೆಯದು ಹೋಗುವುದು. ಬ್ಯಾಂಕಿನ ಆ್ಯಪ್ ‘ಅಪ್‌ಡೇಟ್ ಮಾಡಿ’ ಎಂದು ಹಟ ಹಿಡಿದಾಗ ಜಾಗವಿಲ್ಲದೆ ಪೆಟ್ರೋಲ್ ಬಂಕಿನಲ್ಲಿ ನಿಲ್ಲುವ ಹಾಗಾಗಬಾರದೆಂದರೆ ಮೂರು ಜಿಬಿ ಸದಾ ಖಾಲಿ ಇರಲಿ.

ಖಾಲಿ ಮಾಡಿದ ಜಾಗಕ್ಕೆ ಆಟಗಳು ತಾವಾಗಿ ಮರಳುವ ದಾರಿಯೂ ಇದೆ. ಕೆಲವು ಫೋನುಗಳ ಹೋಮ್ ಸ್ಕ್ರೀನಿನ ಗೇಮ್ಸ್ ಫೋಲ್ಡರ್ ತೆರೆದರೆ ಕೆಳಗೆ ಶಿಫಾರಸಿನ ಆಟಗಳು ಕಾಣುತ್ತವೆ, ಮಗುವಿನ ಬೆರಳು ತಗುಲಿದರೆ ಡೌನ್‌ಲೋಡ್ ಶುರು. ಫೋಲ್ಡರ್‌ನ ಹೆಸರನ್ನು ಒತ್ತಿದರೆ ‘ಪ್ರಮೋಟೆಡ್ ಆ್ಯಪ್ಸ್’ ಥರದ ಸ್ವಿಚ್ ಸಿಗುತ್ತದೆ, ಆಫ್ ಮಾಡಿ.

ಮೆಮರಿ ಕಾರ್ಡಿಗೆ ಆಟ ಸಾಗಿಸಿದರಾಗದೇ ಎಂಬ ಪ್ರಶ್ನೆ ಬಂದೇ ಬರುತ್ತದೆ. ‘ಮೂವ್ ಟು ಎಸ್‌ಡಿ ಕಾರ್ಡ್’ ಆಯ್ಕೆ ಇದ್ದರೂ ಹಲವು ಸಲ ಆಟದ ಒಂದು ಭಾಗ ಮಾತ್ರ ಹೋಗುತ್ತದೆ, ಡೇಟಾ ಫೋನಿನಲ್ಲೇ ಉಳಿಯುತ್ತದೆ. ಕಾರ್ಡನ್ನು ಫೋನಿನದೇ ಜಾಗದಂತೆ ಬಳಸಲು ‘ಇಂಟರ್ನಲ್’ ಆಗಿ ಫಾರ್ಮ್ಯಾಟ್ ಮಾಡುವ ಸೌಲಭ್ಯ ಆಂಡ್ರಾಯ್ಡ್ 6ರಿಂದ ಇದೆ, ಎಲ್ಲ ಕಂಪನಿಗಳೂ ಕೊಟ್ಟಿಲ್ಲ. ಕೊಟ್ಟಿದ್ದರೆ ಎ1 ಗುರುತಿನ ಕಾರ್ಡೇ ಹಾಕಿ. ಆ ಗುರುತು ಎಂದರೆ ಅಲ್ಲಲ್ಲಿ ಚದುರಿದ ಸಣ್ಣ ಸಣ್ಣ ತುಣುಕುಗಳನ್ನು ಸೆಕೆಂಡಿಗೆ ಕನಿಷ್ಠ 1500 ಸಲ ಓದಬಲ್ಲದು, 500 ಸಲ ಬರೆಯಬಲ್ಲದು. ಆಟಕ್ಕೆ ಬೇಕಾದದ್ದು ಈ ತುಣುಕುಗಳ ವೇಗ, ಪ್ಯಾಕೆಟ್ ಮೇಲೆ ದೊಡ್ಡದಾಗಿ ಅಚ್ಚಾಗಿರುವ ಎಂಬಿ ಲೆಕ್ಕವಲ್ಲ. ಹಾಗೆ ಫಾರ್ಮ್ಯಾಟ್ ಮಾಡಿದಾಗ ಕಾರ್ಡಿನಲ್ಲಿದ್ದ ಫೋಟೊಗಳೆಲ್ಲ ಅಳಿಸಿಹೋಗುತ್ತವೆ, ಆಮೇಲೆ ಆ ಕಾರ್ಡು ಬೇರೆ ಫೋನಿನಲ್ಲಿ ಓದಲು ಬರುವುದಿಲ್ಲ. ಆದ್ದರಿಂದ ಫೋಟೊಗಳನ್ನು ಮೊದಲು ಕಂಪ್ಯೂಟರಿಗೆ ಇಳಿಸಿಕೊಳ್ಳಿ.